ಯಾರ ಹೊಲ, ಯಾರ ಕ್ಯಾಮೆರಾ

ಎಳ್ಳಮಾಸಿ ಮುಗಿದ ಮೇಲೆ ಆಳಂದ ತಾಲ್ಲೂಕಿನ ಕಿಣ್ಣಿ ಸುಲ್ತಾನದಂಥ ಊರುಗಳಲ್ಲಿ ತೊಗರಿ ರಾಶಿಯದೇ ಗದ್ದಲ. ಕ್ಯಾಮೆರಾ ಹಿಡಿದವರು ಈ ಸೀಮೆಗೆ ಬರುವುದೂ ಹೆಚ್ಚಾಗಿ ಇಂಥ ಹೊತ್ತಿನಲ್ಲೇ, ಇಲ್ಲವೇ ಭೀಮಾ ನದಿ ದಂಡೆ ಮೀರಿ ಹರಿದಾಗ. ಮುಂದಿನ ಮಾತುಕತೆಯ ಇಬ್ಬರೂ ನಾನು ಕಟ್ಟಿಕೊಂಡ ಪಾತ್ರಗಳು. ಒಬ್ಬರು ಅರವತ್ತೈದು ದಾಟಿದ ರೈತ, ನಡುವೆ ಕೆಲವು ವರ್ಷ ಕಲಬುರಗಿಯ ಗಂಜ್ ಮಾರುಕಟ್ಟೆಯಲ್ಲಿ ಹಮಾಲಿ ಮಾಡಿ ಊರಿಗೆ ಮರಳಿದವರು. ಇನ್ನೊಬ್ಬಳು ಅಫಜಲಪುರದ ಕಡೆಯ ಹುಡುಗಿ. ಕಡಗಂಚಿಯ ಕೇಂದ್ರೀಯ ವಿಶ್ವವಿದ್ಯಾಲಯದಲ್ಲಿ ಓದಿದ್ದಾಳೆ, ತೊಗರಿಯ ಮೇಲೆ ಸಾಕ್ಷ್ಯಚಿತ್ರ ಮಾಡಬೇಕೆಂದು ಹೊರಟಿದ್ದಾಳೆ, ಅದನ್ನೇ ಬದುಕು ಮಾಡಿಕೊಳ್ಳುವ ಹಟವೂ ಇದೆ. ಅವರು ಪರಸ್ಪರ ಕೇಳುವ ಪ್ರಶ್ನೆಗಳು ಈ ಸೀಮೆಯ ಯಾವ ಕಟ್ಟೆಯ ಮೇಲೂ ಕೇಳಿಬರುವಂಥವು.

ಹಿರಿಯ: ತೊಗರಿ ಸಿನಿಮಾ ಮಾಡ್ತೀನಂತ ಬಂದಿ. ಕೂಡು ತಂಗಿ. ಒಂದು ಮಾತು ಮೊದಲೇ ಹೇಳ್ತೀನಿ, ಸಿಟ್ಟಾಗಬ್ಯಾಡ. ಹಿಂದ ಒಂದು ತಂಡ ಬಂದಿತ್ತು. ‘ಈ ಮಷೀನ್ ಆ ಕಡಿ ಸರಸ್ರಿ, ಎತ್ತು ಕಟ್ಟಿ ಹಂತಿ ಹೊಡೀರಿ, ಹಂತಿ ಪದ ಹಾಡ್ರಿ’ ಅಂದ್ರು. ಹಂತಿ ನಾವು ಜ್ವಾಳಕ್ಕ ಕಟ್ತಿದ್ವಿ. ತೊಗರಿ ಬಡಿಗಿಲೆ ಬಡದು ಮಾಡೋ ರಾಶಿ. ಅವರಿಗಿ ಅದೂ ಗೊತ್ತಿರಲಿಲ್ಲ. ಆದ್ರೂ ಮಂದಿ ಹೂಂ ಅಂದು ಎತ್ತು ಹುಡುಕಿ ತಂದ್ರು. ಆ ಸಿನಿಮಾ ಎಲ್ಲಿ ಹೋಯ್ತೋ, ಯಾರು ನೋಡಿದ್ರೋ, ಇವತ್ತಿಗೂ ಊರಿಗಿ ಗೊತ್ತಿಲ್ಲ.

ಹುಡುಗಿ: ಇದು ಹಳೇ ರೋಗ ಕಾಕಾ. ಸಾಕ್ಷ್ಯಚಿತ್ರಕ್ಕ ದಾರಿ ಹಾಕಿದವ ಅಂತ ಎಲ್ಲರೂ ಹೇಳೋ ರಾಬರ್ಟ್ ಫ್ಲಾಹರ್ಟಿ 1934ರಾಗ ಐರ್ಲೆಂಡಿನ ಆರನ್ ದ್ವೀಪದ ಮಂದಿ ಮ್ಯಾಲ ಒಂದು ಚಿತ್ರ ಮಾಡಿದ. ಅದರಾಗ ಅವರು ಸಣ್ಣ ದೋಣಿಯಾಗ ಹೋಗಿ ದೊಡ್ಡ ಷಾರ್ಕ್ ಮೀನು ಬ್ಯಾಟಿ ಆಡ್ತಾರ. ಖರೆ ನೋಡಿದ್ರ ಆ ಬ್ಯಾಟಿ ಬಿಟ್ಟು ತಲಿಮಾರೇ ಕಳದಿತ್ತು. ಈಟಿ ಹ್ಯಾಂಗ ಒಗೀಬೇಕು ಅಂತ ಆ ಮಂದಿಗಿ ಹೊಸದಾಗಿ ಕಲಿಸಬೇಕಾಯ್ತು.

ಹಿರಿಯ: ಹಂಗಂದ್ರ ಸುಳ್ಳು ನಿಮ್ಮ ಕಸುಬಿನ ಬುಡದಾಗೇ ಅದ.

ಹುಡುಗಿ: ಬುಡದಾಗ ಅದು ಒಂದೇ ಇಲ್ಲ. ಸಮುದ್ರದ ಮುಂದ ಮನುಷ್ಯ ಹ್ಯಾಂಗ ನಿಲ್ತಾನ ಅನ್ನೋದು ಆ ಚಿತ್ರದಾಗ ಕಂಡಷ್ಟು ಬ್ಯಾರೆ ಕಡಿ ಕಾಣೋದು ಕಮ್ಮಿ. ಆದ್ರ ನಿಮ್ಮ ಮಾತು ನಾ ಅಲ್ಲಗಳಿಯಂಗಿಲ್ಲ. ಮಷೀನ್ ಸರಸ್ರಿ ಅಂತ ನಾ ಅನ್ನಂಗಿಲ್ಲ. ಮಷೀನ್ ಯಾರದು, ತಾಸಿಗಿ ಬಾಡಿಗಿ ಎಷ್ಟು, ಅದು ಬಂದ ಮ್ಯಾಲ ರಾಶಿ ಕೂಲಿಗಿ ಬರ್ತಿದ್ದ ಹೆಣ್ಮಕ್ಕಳು ಎಲ್ಲಿಗಿ ಹೋದ್ರು, ಅದನ್ನ ಕೇಳ್ತೀನಿ.

ಹಿರಿಯ: ಪುಣೆಗಿ ಹೋದ್ರು, ಮುಂಬೈಗಿ ಹೋದ್ರು. ಇಟ್ಟಂಗಿ ಹೊರ್ಲಕತ್ತಾರ. ಇದಕ್ಕ ಕ್ಯಾಮೆರಾ ಬೇಕಾ? ನಾ ಹೇಳಿದೆ, ನೀ ಕೇಳಿದಿ, ಮುಗೀತು.

ಹುಡುಗಿ: ನೀವು ಹೇಳಿದ್ದು ನಾ ಕೇಳಿದೆ. ಬೆಂಗಳೂರಾಗ ಕೂತವರು ಕೇಳಿಲ್ಲ. ನಿಮ್ಮ ಮೊಮ್ಮಗನೂ ಕೇಳಿಲ್ಲ.

ಹಿರಿಯ: ಬೆಂಗಳೂರಿನವರಿಗಿ ಕೇಳಿಸಿದ್ರ ಏನಾಗ್ತದ ಅನ್ನೋದು ನಾ ಕಂಡೀನಿ. 2020ರ ಅಕ್ಟೋಬರ್‌ನಾಗ ಭೀಮಾ ತುಂಬಿ ಬಂತು. ಅಫಜಲಪುರ, ಜೇವರ್ಗಿ ಕಡಿ ಹೊಲ ಮನಿ ಎಲ್ಲಾ ನೀರಾಗ. ಟಿವಿಯವರು ಬಂದ್ರು, ಮ್ಯಾಲಿಂದ ಹಾರೋ ಕ್ಯಾಮೆರಾ ಬಿಟ್ರು. ನೀರು ಇಳೀತು, ಅವರೂ ಹೋದ್ರು. ಹೊಲದಾಗಿನ ಮಣ್ಣು ಕೊಚ್ಚಿಕೊಂಡು ಹೋದವನ ಕತಿ ಮುಂದಿನ ಮಳಿಗಾಲಕ್ಕ ಏನಾಯ್ತು ಅಂತ ಕೇಳ್ಲಾಕ ಒಬ್ಬನೂ ಬರಲಿಲ್ಲ.

ಹುಡುಗಿ: ನಮ್ಮ ಮನಿ ಆ ಕಡೀನೇ ಕಾಕಾ. ಅದಕ್ಕೇ ಹೇಳ್ಲಕತ್ತೀನಿ. ಸುದ್ದಿಯವರು ನೀರಿನ ಕೂಡ ಬರ್ತಾರ, ನೀರಿನ ಕೂಡ ಹೋಗ್ತಾರ. ಸಾಕ್ಷ್ಯಚಿತ್ರದವರು ನೀರು ಇಳಿದ ಮ್ಯಾಲ ಬರಬೇಕು.

ಹಿರಿಯ: ಬರಬೇಕು ಅಂತಿ. ಬಂದವರು ಯಾರಿದ್ದಾರ, ತೋರಸು.

ಈ ಸವಾಲಿಗೆ ಉತ್ತರ ಹುಡುಕಬೇಕಾದರೆ ಅರ್ಧ ಶತಮಾನ ಹಿಂದಕ್ಕೆ ಹೋಗಬೇಕು. ವಿಶೇಷವೆಂದರೆ ದಾರಿ ಇದೇ ಜಿಲ್ಲೆಯ ಮೂಲಕವೇ ಹಾಯುತ್ತದೆ.

ಹುಡುಗಿ: ನೀವು ಮೊದಲ ಸಲ ಟಿವಿ ನೋಡಿದ್ದು ಯಾವಾಗ?

ಹಿರಿಯ: 1975ರಾಗ. ಸಣ್ಣ ಹುಡುಗ ನಾ. ನಮ್ಮ ಸೋದರಮಾವನ ಊರಾಗ ಒಂದು ಪೆಟ್ಟಿಗಿ ತಂದಿಟ್ಟಿದ್ರು. ಮಾಳಿಗಿ ಮ್ಯಾಲ ತಂತಿ ಜಾಳಿಗಿಯ ದೊಡ್ಡ ಛತ್ರಿ. ಸಂಜಿಗಿ ಊರಿಗೂರೇ ಮುಂದ ಕೂಡ್ತಿತ್ತು. ಕಲಬುರಗಿ ಶಹರದಾಗ ಇರಲಾರದ್ದು ಹಳ್ಳ್ಯಾಗ ಬಂದಿತ್ತು ನೋಡು.

ಹುಡುಗಿ: ಅದಕ್ಕ ‘ಸೈಟ್’ ಅಂತಿದ್ರು, ಉಪಗ್ರಹದಿಂದ ಹಳ್ಳಿಗಿ ಪಾಠ ಕಳಿಸೋ ಪ್ರಯೋಗ. ಅಮೆರಿಕದ ಉಪಗ್ರಹ ಒಂದು ವರ್ಷದ ಮಟ್ಟಿಗಿ ನಮಗ ಕೊಟ್ಟಿದ್ರು. 1975ರ ಆಗಸ್ಟ್ 1ರಿಂದ 1976ರ ಜುಲೈ 31ರ ತನಕ ನಡೀತು. ಆರು ರಾಜ್ಯಗಳ ಸುಮಾರು 2400 ಹಳ್ಳಿ. ಕರ್ನಾಟಕದಾಗ ಆರಿಸಿದ್ದು ನಮ್ಮ ಕಲಬುರಗಿ, ವಿಜಯಪುರ, ರಾಯಚೂರು ಜಿಲ್ಲಾಗಳೇ. ನಮ್ಮ ಕನ್ನಡ ಕಾರ್ಯಕ್ರಮ ತಯಾರಾಗ್ತಿದ್ದದ್ದು ಹೈದರಾಬಾದಿನಾಗ.

ಹಿರಿಯ: ಅಲ್ಲಿ ತಯಾರಾದದ್ದು ಅಂತ ಕೇಳಿದ್ರೇ ಗೊತ್ತಾಗ್ತಿತ್ತು. ಕನ್ನಡ ಖರೆ, ನಮ್ಮ ಮಾತಲ್ಲ. ಬೀಜಕ್ಕ ಔಷಧ ಹಚ್ಚರಿ, ಕೂಸಿಗಿ ಚುಚ್ಚಿಸ್ರಿ, ಸಣ್ಣ ಕುಟುಂಬ ಮಾಡ್ರಿ. ಒಳ್ಳೇದೇ, ಅಲ್ಲಂತ ಹೇಳಂಗಿಲ್ಲ. ಆದ್ರ ನಾವು ಕೇಳಬೇಕು, ಅವರು ಹೇಳಬೇಕು. ನಾವು ಹೇಳಿದ್ದು ಆ ಪೆಟ್ಟಿಗಿಯಾಗ ಎಂದೂ ಬರಲಿಲ್ಲ.

ಹುಡುಗಿ: ಆ ಪ್ರಯೋಗದಾಗ ಕೆಲಸ ಮಾಡಿದವರಾಗ ಮೈಸೂರಿನ ಒಬ್ಬರಿದ್ರು, ಪಿ. ವಿ. ಸತೀಶ್. ದೂರದರ್ಶನದಾಗ ಬಾಳ ವರ್ಷ ನಿರ್ಮಾಪಕರು. ಅವರ ಮುಂದಿನ ಬದುಕು ನೋಡಿದ್ರ ನಿಮಗ ಅನ್ನಿಸಿದ್ದೇ ಅವರಿಗೂ ಅನ್ನಿಸಿತ್ತು ಅಂತ ಕಾಣ್ತದ. 1983ರಾಗ ಗೆಳೆಯರ ಕೂಡ ಡೆಕ್ಕನ್ ಡೆವಲಪ್‌ಮೆಂಟ್ ಸೊಸೈಟಿ ಕಟ್ಟಿದ್ರು. ಎಲ್ಲಿ ಗೊತ್ತೇನು? ಹುಮನಾಬಾದ್ ದಾಟಿ ಹೈದರಾಬಾದ್ ರೋಡಿಗಿ ಹೋದ್ರ ಜಹೀರಾಬಾದ್ ಬರ್ತದಲ್ಲ, ಅದರ ಬಾಜು ಪಸ್ತಾಪುರದಾಗ.

ಹಿರಿಯ: ಅದು ನಮ್ಮ ನೆಲಾನೇ. ತೊಗರಿ, ಜ್ವಾಳ, ಸಜ್ಜಿ ಬೆಳೆಯೋ ನೆಲ. ಗಡಿ ಗೆರಿ ಮ್ಯಾಲ ಭಾಷಾ ಬ್ಯಾರೆ ಆಯ್ತು, ಅಷ್ಟೇ.

ಹುಡುಗಿ: ಅಲ್ಲಿ ದಲಿತ ಹೆಣ್ಮಕ್ಕಳ ಸಂಘಗಳು ಬೀಳು ಬಿದ್ದ ಹೊಲ ಹಸನು ಮಾಡಿಕೊಂಡು ಸಿರಿಧಾನ್ಯ ಬೆಳೆದ್ರು, ತಮ್ಮದೇ ಬೀಜ ಕಾದಿಟ್ಟುಕೊಂಡ್ರು. ಅವರ ಕೈಗೇ ವಿಡಿಯೊ ಕ್ಯಾಮೆರಾ ಕೊಟ್ಟದ್ದು ಸತೀಶರ ದೊಡ್ಡ ಕೆಲಸ. ಬಹಳಷ್ಟು ಮಂದಿಗಿ ಅಕ್ಷರ ಬರ್ತಿರಲಿಲ್ಲ, ಕೂಲಿ ಮಾಡೋ ಹೆಣ್ಮಕ್ಕಳು. ಅವರು ಶಾಟ್‌ಗಳಿಗಿ ತಮ್ಮ ಬದುಕಿನಿಂದಲೇ ಹೆಸರಿಟ್ರು. ಪಟೇಲರ ಮುಂದ ಬಡವರು ನಿಲ್ಲೋ ಎತ್ತರ ತಗ್ಗು ಅದಲ್ಲ, ಅದನ್ನ ನೆನಪಿಸೋ ಕೋನಕ್ಕ ಪಟೇಲ್ ಶಾಟ್. ಎದುರಿಗಿ ಕೂತವರ ಕಣ್ಣಿನ ಮಟ್ಟಕ್ಕ ಕ್ಯಾಮೆರಾ ಇಟ್ಟರ ಅದು ಸಂಘಂ ಶಾಟ್. ಸಂಘದಾಗ ಎಲ್ಲರೂ ಒಂದೇ ಚಾಪಿ ಮ್ಯಾಲ ಕೂಡ್ತಾರಲ್ಲ.

ಹಿರಿಯ: ಇದು ಬುದ್ಧಿ ಇದ್ದ ಮಾತು. ನಮ್ಮನ್ನ ಚಿತ್ರ ತಗಿಯಾಕ ಬಂದವರೆಲ್ಲಾ ನಿಂತೇ ತಗದಾರ. ನಾವು ನೆಲದ ಮ್ಯಾಲ, ಅವರು ಬೂಟಿನ ಮ್ಯಾಲ.

ಹುಡುಗಿ: ಆ ಸಂಘದ ಹೆಣ್ಮಕ್ಕಳ ಒಂದು ಚಿತ್ರ ವಾರಂಗಲ್‌ನ ಹತ್ತಿ ರೈತರದು. 2002ರಾಗ ಬಿಟಿ ಹತ್ತಿಗಿ ನಮ್ಮ ದೇಶದಾಗ ಪರವಾನಗಿ ಸಿಕ್ತು. ಅದೇ ಹಂಗಾಮಿನಾಗ ಈ ಹೆಣ್ಮಕ್ಕಳು ಕ್ಯಾಮೆರಾ ಹೊತ್ತು ವಾರಂಗಲ್‌ಗಿ ಹೋದ್ರು. ಒಮ್ಮೆ ಹೋಗಿ ಬರಲಿಲ್ಲ, ಬೆಳಿ ನಿಂತಿರೋ ತನಕ ಮತ್ತ ಮತ್ತ ಹೋದ್ರು. ಮೊದಲು ರೈತ ನಕ್ಕೋತ ಮಾತಾಡ್ತಾನ, ಆಮ್ಯಾಲ ಮಾರಿ ಹ್ಯಾಂಗ ಬದಲಾಗ್ತದ ನೋಡಬೇಕು. 2003ರಾಗ ಚಿತ್ರ ಹೊರಗ ಬಂತು, ಹೊರದೇಶದಾಗೂ ತೋರಿಸಿದ್ರು. ಕೂಲಿ ಹೆಣ್ಮಕ್ಕಳು ಮಾಡಿದ ಚಿತ್ರ.

ಹಿರಿಯ: ಮುಂದ?

ಹುಡುಗಿ: ಮುಂದ ಅಂದ್ರ?

ಹಿರಿಯ: ಜೇವರ್ಗಿ ಕಡಿ ಹೋಗು. ನೆಲ ಪೂರಾ ಹತ್ತಿ. ಎಲ್ಲಾ ಬಿಟಿನೇ. ವಾರಂಗಲ್‌ನಾಗೂ ಅದೇ ಅದ. ಆ ಹೆಣ್ಮಕ್ಕಳು ಖರೇನೇ ತೋರಿಸಿರಬಹುದು, ಆದ್ರ ರೈತ ಅದೇ ಬೀಜ ಕೊಂಡ. ಯಾಕ? ಕಾಯಿಕೊರಕ ಹುಳಕ್ಕ ಔಷಧ ಹೊಡದು ಹೊಡದು ಬ್ಯಾಸತ್ತಿದ್ದ. ಬ್ಯಾರೆ ಬೀಜ ಅಂಗಡ್ಯಾಗ ಸಿಗಲೂ ಇಲ್ಲ. ಆ ಸಂಸ್ಥಾ ಮೊದಲಿಂದ ಬಿಟಿಗಿ ವಿರೋಧ. ವಿರೋಧ ಇದ್ದವರು ಮಾಡಿದ ಚಿತ್ರದಾಗ, ಬೆಳಿ ಚಲೋ ಬಂದವನಿಗಿ ಎಷ್ಟು ಜಾಗ ಸಿಗ್ತದ?

ಹುಡುಗಿ: ನಿಲುವು ಇಟ್ಟುಕೊಂಡು ಚಿತ್ರ ಮಾಡೋದು ತಪ್ಪಲ್ಲ ಕಾಕಾ. ಆ ನಿಲುವು ಎಲ್ಲಿಂದ ಬಂತು ಅಂತ ಕೇಳ್ರಿ. ಅವರ ಹೊಲ, ಅವರ ಬೀಜ, ಅವರ ಭಯ. ಬೀಜ ಕಂಪನಿಯವರು ಮಾಡಿಸೋ ಜಾಹೀರಾತಿಗೂ ನಿಲುವು ಅದ. ಅದಕ್ಕ ಯಾರೂ ಈ ಪ್ರಶ್ನಿ ಕೇಳಂಗಿಲ್ಲ.

ಹಿರಿಯ: ಜಾಹೀರಾತು ನಾ ನಂಬಂಗಿಲ್ಲ. ನಿನ್ನ ಚಿತ್ರ ನಂಬಬೇಕು ಅಂತ ನೀ ಕೇಳ್ತಿ. ನಂಬು ಅಂದವರಿಗಿ ನಾ ಜಾಸ್ತಿ ಕೇಳ್ತೀನಿ.

ಇಲ್ಲಿ ಹಿರಿಯರ ತಕ್ಕಡಿ ಭಾರವಾಯಿತೆಂದು ನನಗೆ ಅನ್ನಿಸುತ್ತದೆ. ಸತೀಶ್ 2023ರ ಮಾರ್ಚ್‌ನಲ್ಲಿ ತೀರಿಕೊಂಡರು. ಅವರನ್ನು ಮೆಚ್ಚುವವರು, ನಾನೂ ಸೇರಿ, ಕ್ಯಾಮೆರಾ ಕೈ ಬದಲಾಯಿಸಿತು ಎಂಬಲ್ಲಿಗೇ ಕಥೆ ನಿಲ್ಲಿಸಿಬಿಡುತ್ತೇವೆ. ಕೈ ಬದಲಾದ ಮೇಲೂ ಚೌಕಟ್ಟಿನ ಹೊರಗೆ ಉಳಿದವರು ಯಾರು ಎಂಬ ಪ್ರಶ್ನೆ ಹಾಗೇ ಇರುತ್ತದೆ. ಹುಡುಗಿ ಮಾತ್ರ ಇನ್ನೊಂದು ಗಡಿಗೆ, ಬೆಳಗಾವಿ ಜಿಲ್ಲೆಗೆ, ಹೊರಳಿದಳು.

ಹುಡುಗಿ: ನಿಪ್ಪಾಣಿ ಅಂದ್ರ ನಿಮಗ ಏನು ನೆನಪಾಗ್ತದ?

ಹಿರಿಯ: ತಂಬಾಕು. ಗೋಲಿಬಾರು. 1981ರಾಗ ತಂಬಾಕು ರೈತರು ರೇಟಿಗಾಗಿ ರಸ್ತಾದಾಗ ಕೂತ್ರು, ಪೊಲೀಸರು ಗುಂಡು ಹಾರಿಸಿದ್ರು, ರೈತರು ಸತ್ರು. ಶರದ್ ಜೋಶಿ ಮುಂದಾಳು.

ಹುಡುಗಿ: ನೋಡ್ರಿ, ರೈತರ ಹೋರಾಟ ನಿಮಗ ನೆನಪದ. ಅದೇ ಊರಾಗ, ಅದೇ ಹೊತ್ತಿನ್ಯಾಗ, ತಂಬಾಕು ಕಾರ್ಖಾನಿಯ ಧೂಳಿನಾಗ ಕೂತು ಕೆಲಸ ಮಾಡೋ ಸಾವಿರಾರು ಹೆಣ್ಮಕ್ಕಳು ಯೂನಿಯನ್ ಕಟ್ಟಿದ್ರು. ಅದು ಗೊತ್ತದೇನು?

ಹಿರಿಯ: ಇಲ್ಲ. ಕೇಳಿಲ್ಲ.

ಹುಡುಗಿ: ನಾನೂ ಕೇಳಿರಲಿಲ್ಲ. ಒಂದು ಚಿತ್ರದಿಂದ ಗೊತ್ತಾಯ್ತು. ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್, ಛಾಯಾಗ್ರಾಹಕ ನವರೋಜ್ ಕಾಂಟ್ರಾಕ್ಟರ್ ಕೂಡಿ 1980ರಾಗ ಬೆಂಗಳೂರಾಗ ‘ಯುಗಾಂತರ’ ಅನ್ನೋ ತಂಡ ಕಟ್ಟಿದ್ರು. ಪುಣೆಯ ಮನಿಗೆಲಸದ ಹೆಣ್ಮಕ್ಕಳ ಮ್ಯಾಲ ಮೊದಲ ಚಿತ್ರ. 1982ರಾಗ ನಿಪ್ಪಾಣಿಯದು, ಮರಾಠಿಯಾಗ ಅದ, ಇಪ್ಪತ್ತೈದು ನಿಮಿಷದ್ದು. ಆ ತಂಡ ನಾಲ್ಕು ತಿಂಗಳು ಕಾರ್ಮಿಕರ ಕೂಡ ಕಳೀತು. ಮೊದಲು ಕೇಳೋದು, ಯೂನಿಯನ್ ಮಾತಿನಾಗ ಕೂಡೋದು, ಏನು ತಗೀಬೇಕು ಅಂತ ಅವರ ಕೂಡೇ ತಿಳಕೊಳ್ಳೋದು. ಕಾರ್ಖಾನಿ ಒಳಗ ಹೊರಗಿನವರು ಯಾರೂ ಕಾಣದಿದ್ದದ್ದು ಆ ರೀಲಿನ್ಯಾಗ ಅದ. ಚಿತ್ರ ಮಾಡಿ ಡಬ್ಬಿಯಾಗ ಇಡಲಿಲ್ಲ, ಪ್ರೊಜೆಕ್ಟರ್ ಹೊತ್ತುಕೊಂಡು ಬ್ಯಾರೆ ಬ್ಯಾರೆ ಕಡಿ ಕೆಲಸದ ಹೆಣ್ಮಕ್ಕಳಿಗಿ ತೋರಿಸಿದ್ರು.

ಹಿರಿಯ: ಈಗ ಆ ರೀಲು ಎಲ್ಲಿ ಅದ?

ಹುಡುಗಿ: ಬರ್ಲಿನ್‌ನ ಆರ್ಸೆನಲ್ ಅನ್ನೋ ಸಂಸ್ಥಾ ಅದನ್ನ ಉಳಿಸಿ ಡಿಜಿಟಲ್ ಪ್ರತಿ ಮಾಡ್ಯಾದ.

ಹಿರಿಯ: ಬರ್ಲಿನ್‌ನಾಗ. ನಿಪ್ಪಾಣಿ ಹೆಣ್ಮಕ್ಕಳ ಧೂಳು ಬರ್ಲಿನ್‌ನಾಗ ಉಳೀತು. ಅಲ್ಲಿಯವರು ಉಳಿಸಿದ್ರಲ್ಲ, ಅವರಿಗಿ ಕೈ ಮುಗೀತೀನಿ. ಆದ್ರ ನಮ್ಮ ಕಡಿ ಅದನ್ನ ಇಡಾಕ ಒಂದು ಖೋಲಿ ಇಲ್ಲಾ? ಕಲಬುರಗಿಯಾಗ ಎಂ.ಎಸ್.ಕೆ. ಮಿಲ್ ಇತ್ತು. ಮೂರು ಪಾಳಿ ನಡೀತಿತ್ತು, ಭೋಂಗಾ ಕೇಳಿ ಶಹರ ಏಳ್ತಿತ್ತು. ಮುಚ್ಚಿ ಹೋಯ್ತು. ಒಳಗ ಕೆಲಸ ಮಾಡಿದ ಮಂದಿ ಒಬ್ಬೊಬ್ಬರೇ ಹೋಗ್ಲಕತ್ತಾರ. ಆ ಮಗ್ಗದ ಸಪ್ಪಳ ಯಾರು ಹಿಡಿದಿಟ್ಟಾರ?

ಹುಡುಗಿ: ಈಗ ನೀವೇ ನನ್ನ ಮಾತು ಆಡ್ಲಕತ್ತೀರಿ ಕಾಕಾ.

ಹಿರಿಯ: ಆಡ್ಲಕತ್ತೀನಿ. ಅದಕ್ಕೇ ಹೊಟ್ಟಿ ಮಾತು ಕೇಳ್ತೀನಿ. ನೀ ಉಣ್ಣೋದು ಹ್ಯಾಂಗ?

ಹುಡುಗಿ: ಮದಿವಿ ವಿಡಿಯೊ ಮಾಡ್ತೀನಿ. ಇಲಾಖಿಯವರು ಯೋಜನಾದ ಮ್ಯಾಲ ಸಣ್ಣ ಚಿತ್ರ ಕೇಳ್ತಾರ, ಮಾಡ್ತೀನಿ. ಬೆಂಗಳೂರಿನ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್‌ನಂಥ ಕಡಿ ಅರ್ಜಿ ಹಾಕ್ತೀನಿ. ಮೊದಲಾದ್ರ ಮುಂಬೈನಾಗ ಸರ್ಕಾರದ ಫಿಲ್ಮ್ಸ್ ಡಿವಿಜನ್ ಇತ್ತು, 1948ರಿಂದ. ನೀವು ಆಳಂದದ ಟಾಕೀಜಿನಾಗ ಸಿನಿಮಾ ಮೊದಲು ನೋಡ್ತಿದ್ದ ನ್ಯೂಸ್ ರೀಲ್ ಅವರದೇ. 2022ರಾಗ ಅದನ್ನ ಸಿನಿಮಾ ನಿಗಮ ಎನ್‌ಎಫ್‌ಡಿಸಿಯಾಗ ಸೇರಿಸಿದ್ರು.

ಹಿರಿಯ: ಸೇಡಂ ಕಡಿ ಸಿಮೆಂಟ್ ಕಂಪನಿಯವ ರೊಕ್ಕ ಕೊಟ್ಟು ‘ನಮ್ಮ ಕಾರ್ಖಾನಿ ಮ್ಯಾಲ ಮಾಡು’ ಅಂದ್ರ?

ಹುಡುಗಿ: ಈ ಪ್ರಶ್ನಿ ನನಗ ನಿದ್ದಿ ಕೆಡಸ್ಯಾದ. ಕೆಲಸ, ಕಾರ್ಖಾನಿ ಮ್ಯಾಲ ಬಂದ ದೊಡ್ಡ ದೊಡ್ಡ ಚಿತ್ರಗಳು ಬೇರೆಯವರ ರೊಕ್ಕದಾಗೇ ಹುಟ್ಯಾವ. ಬ್ರಿಟನ್ನಿನಾಗ ಗ್ರಿಯರ್ಸನ್ ಅನ್ನೋ ನಿರ್ದೇಶಕ 1929ರಾಗ ಮೀನುಗಾರರ ಮ್ಯಾಲ ಚಿತ್ರ ಮಾಡಿದ್ದು ಸರ್ಕಾರದ ಮಾರಾಟ ಮಂಡಳಿ ರೊಕ್ಕದಿಂದ. 1936ರ ‘ನೈಟ್ ಮೇಲ್’ ಅಂಚೆ ಇಲಾಖಿಯದು. ನಮ್ಮ ದೇಶದಾಗ ಐವತ್ತರ ದಶಕದಾಗ ಬರ್ಮಾ ಷೆಲ್ ಎಣ್ಣಿ ಕಂಪನಿ ಹಳ್ಳಿ ಬದುಕಿನ ಮ್ಯಾಲ ಚಿತ್ರ ಮಾಡಿಸ್ತು. ಚೆಂದ ಚಿತ್ರಗಳು. ರಾತ್ರಿ ರೈಲಿನಾಗ ಪತ್ರ ವಿಂಗಡಿಸೋ ಕೈಗಳನ್ನ ‘ನೈಟ್ ಮೇಲ್’ ತೋರಿಸಿದಂಗ ನಮ್ಮ ಹಮಾಲರ ಕೈ ತೋರಿಸೋ ಆಸೆ ನನಗ.

ಹಿರಿಯ: ಆ ಪತ್ರದವರ ಪಗಾರದ ಮಾತು ಅದರಾಗ ಅದೇನು?

ಹುಡುಗಿ: ಇಲ್ಲ.

ಹಿರಿಯ: ಹಮಾಲಿ ಮಾಡಿದವ ನಾ. ಗಂಜಿನಾಗ ಚೀಲ ಎತ್ತಿ ಎತ್ತಿ ಬೆನ್ನು ಹೋಯ್ತು. ದಾಲ್ ಮಿಲ್ಲಿನಾಗೂ ದುಡದೀನಿ. ತೊಗರಿ ಹಸನು ಮಾಡಿ, ರೋಲರಿಗಿ ಹಾಕಿ ಸಿಪ್ಪಿ ಗೀರಿಸಿ, ಎಣ್ಣಿ ಹಚ್ಚಿ, ಮಾಳಿಗಿ ಮ್ಯಾಲ ಎರಡು ಮೂರು ದಿನ ಬಿಸಿಲಿಗಿ ಹರವಬೇಕು. ಹರವೋದು, ಕೈಯಾಡಿಸೋದು, ಮೋಡ ಬಂದ್ರ ಓಡಿ ಗುಡ್ಡಿ ಹಾಕೋದು. ಆಮ್ಯಾಲ ನೀರು ಚಿಮುಕಿಸಿ ಮತ್ತ ಒಣಗಿಸಿ ಒಡಿಯೋದು. ಹೊಟ್ಟು, ಚೂರಿ ದನಕ್ಕ ಹೋಗ್ತದ, ಬ್ಯಾಳಿ ಊರೂರಿಗಿ ಹೋಗ್ತದ. 2019ರಾಗ ನಮ್ಮ ಬ್ಯಾಳಿಗಿ ಜಿಐ ಅಂತ ಮುದ್ರಿ ಬಿತ್ತು, ಪೇಪರಿನಾಗ ಓದಿದೆ. ಬಿಸಿಲಾಗ ಹರವಿದ ಕೈಗಿ ಏನು ಬಿತ್ತು?

ಹುಡುಗಿ: ಅದನ್ನೇ ಚಿತ್ರದಾಗ ಕೇಳ್ರಿ ಅಂತೀನಿ. ನೀವೇ, ನಿಮ್ಮ ಬಾಯಿಲೇ.

ಹಿರಿಯ: ಮಿಲ್ಲಿನವರು ಒಳಗ ಬಿಟ್ಟಾರಾ?

ಹುಡುಗಿ: ಬಿಡದಿದ್ರ ಗೇಟಿನ ಹೊರಗ ಕಾಯ್ತೀನಿ. ಪಾಳಿ ಬಿಟ್ಟವರು ಹೊರಗ ಬರಲೇಬೇಕಲ್ಲ. ಚಿತ್ರ ಮೊದಲು ಇಲ್ಲೇ ತೋರಸ್ತೀನಿ, ನಿಮ್ಮ ಶಾಲಿ ಗ್ವಾಡಿ ಮ್ಯಾಲ. ಬೆಂಗಳೂರು, ಬರ್ಲಿನ್ ಆಮ್ಯಾಲ.

ಹಿರಿಯ: ತೋರಿಸಿದಾಗ ಊರವರು ‘ಇದು ತಗಿ, ಅದು ತಗಿ’ ಅಂದ್ರ?

ಹುಡುಗಿ: ಸುಳ್ಳಿದ್ರ ತಗೀತೀನಿ. ಬರೀ ಹಿಡಿಸಲಿಲ್ಲ ಅಂದ್ರ ತಗಿಯಂಗಿಲ್ಲ.

ಹಿರಿಯ: ಈಗ ನಾನೂ ಒಂದು ಖರೆ ಹೇಳ್ತೀನಿ. ಹೊರಗಿನವ ಬಂದು ಹೋದ್ರ ಊರಿಗಿ ಸಿಟ್ಟು ಬರ್ತದ, ಮರೀತದ. ನೀ ಇಲ್ಲೇ ಇರಾಕಿ. ನಿನಗ ಇಲ್ಲಿ ಬಳಗ ಅದ, ನಾಳಿ ಮದಿವಿ ಆಗ್ತದ, ಮನಿ ಅಂತ ಆಗ್ತದ. ನಮ್ಮ ತಮ್ಮನ ಮಗ ಮುಕರ್ದಮ್ ಇದ್ದಾನ. ತಾಂಡಾಗಳಿಗಿ ಮುಂಗಡ ಕೊಟ್ಟು ಕಬ್ಬು ಕಡಿಯೋ ಗ್ಯಾಂಗ್ ಕಟ್ಟತಾನ, ಮಹಾರಾಷ್ಟ್ರದ ಫ್ಯಾಕ್ಟರಿಗಿ ಒಯ್ತಾನ. ಮುಂಗಡ ತೀರಲಾರದ ಮಂದಿ ಮುಂದಿನ ವರ್ಷ ಮತ್ತ ಹೋಗಬೇಕು. ಅದು ಚಲೋ ಅಲ್ಲ ಅಂತ ನನಗ ಗೊತ್ತದ. ಆದ್ರ ಅವ ನಮ್ಮ ಹುಡುಗ. ನೀ ರಾಶಿ ಕೂಲಿಯವರು ಎಲ್ಲಿಗಿ ಹೋದ್ರು ಅಂತ ಕೇಳಕೋತ ಹೋದ್ರ ಅವನ ಬಾಗಿಲಿಗೇ ಬರ್ತಿ. ಅವನನ್ನ ತೋರಸ್ತಿ?

ಹುಡುಗಿ: ತೋರಸ್ತೀನಿ.

ಹಿರಿಯ: ನನ್ನ ಹೊಲದಾಗ ಕೂತು, ನನ್ನ ಮನಿ ರೊಟ್ಟಿ ಉಂಡು?

ಹುಡುಗಿ: ಹೌದು ಕಾಕಾ. ಅವನಿಗೂ ಮಾತಾಡಾಕ ಜಾಗ ಇರ್ತದ. ಮುಂಗಡ ಕೊಡೋ ರೊಕ್ಕ ಅವನಿಗಿ ಎಲ್ಲಿಂದ ಬರ್ತದ, ಗ್ಯಾಂಗ್ ಅರ್ಧಕ್ಕ ಬಿಟ್ಟು ಹೋದ್ರ ನುಕ್ಸಾನ ಯಾರ ತೆಲಿ ಮ್ಯಾಲ, ಅದನ್ನೂ ಹೇಳಲಿ. ಆದ್ರ ಅವನನ್ನ ಬಿಟ್ಟು ತೊಗರಿ ಕತಿ ಮಾಡಿದ್ರ, ಮಷೀನ್ ಸರಸಿ ಹಂತಿ ಕಟ್ಟಿಸಿದವರಿಗೂ ನನಗೂ ಏನು ಫರಕು?

ಹಿರಿಯ: ಹೊರಗಿನವರಿಗಿ ಕಾಣಂಗಿಲ್ಲ, ಒಳಗಿನವರಿಗಿ ಹೇಳಾಕ ಆಗಂಗಿಲ್ಲ. ಆ ವಾರಂಗಲ್ ಚಿತ್ರ ಮಾಡಿದ ಹೆಣ್ಮಕ್ಕಳು ತಮ್ಮ ಊರು ಬಿಟ್ಟು ವಾರಂಗಲ್‌ಗಿ ಹೋಗಿ ಮಾಡಿದ್ರು, ಹೌದಲ್ಲ? ನಿಪ್ಪಾಣಿಗಿ ಬೆಂಗಳೂರಿನವರು ಹೋಗಿ ಮಾಡಿದ್ರು. ತನ್ನ ಊರಾಗೇ ಕೂತು ತನ್ನವರ ಮ್ಯಾಲ ಮಾಡಿದವರು ಯಾರಿದ್ದಾರ ಹೇಳು.

ಹುಡುಗಿ ತಕ್ಷಣ ಉತ್ತರ ಕೊಡಲಿಲ್ಲ. ಹಿರಿಯರೂ ಗೆದ್ದವರಂತೆ ಕೂಡಲಿಲ್ಲ. ಹೊಲದ ಕಡೆ ಕೈ ಮಾಡಿ ಮಾತು ಬದಲಿಸಿದರು. ನನಗೆ ಕಂಡಂತೆ ಅದು ತಪ್ಪಿಸಿಕೊಳ್ಳುವ ಮಾತಲ್ಲ, ಕೇಳಿದ್ದಕ್ಕೆ ಬೇರೆ ದಿಕ್ಕಿನಿಂದ ಬಂದ ಉತ್ತರ.

ಹಿರಿಯ: 2022ರಾಗ ಈ ಹೊಲ ಪೂರಾ ನೆಟಿ ರೋಗಕ್ಕ ಹೋಯ್ತು. ಗಿಡ ಎದಿ ಮಟ್ಟ ಬೆಳೆದು, ಕಾಯಿ ಕಟ್ಟೋ ಹೊತ್ತಿಗಿ ನಿಂತಲ್ಲೇ ಒಣಗ್ತು. ಹಿಂದ ನೆಟಿ ತಡೀತದಂತ ‘ಮಾರುತಿ’ ಬೀಜ ಬಂತು, ಆಮ್ಯಾಲ ‘ಟಿಎಸ್-3ಆರ್’ ಬಂತು. ರೋಗ ಬೇರಿನ್ಯಾಗ ಇರ್ತದ, ಹೊರಗ ಕಾಣಸಂಗಿಲ್ಲ. ನೀ ರಾಶಿ ದಿನ ಬಂದ್ರ ಚೀಲ ಅಷ್ಟೇ ಕಾಣ್ತಾವ.

ಹುಡುಗಿ: ಹಂಗಾದ್ರ ಯಾವಾಗ ಬರಲಿ?

ಹಿರಿಯ: ಮಿರಗ ಮಳಿಗಿ ಬಾ, ಬಿತ್ತಾಕ. ಅಲ್ಲಿಂದ ಬನ್ನಿ ಹಬ್ಬ, ದೀಪಾವಳಿ, ಎಳ್ಳಮಾಸಿ. ಹೂವು ಬಂದಾಗ ಬಾ, ಹುಳ ಬಿದ್ದಾಗ ಬಾ. ಸೊಸೈಟಿ ಸಾಲಕ್ಕ ನಾ ಸಾಲಿನಾಗ ನಿಂತಾಗ ಬಾ. ಕ್ಯಾಮೆರಾ ಮೊದಲ ಎರಡು ತಿಂಗಳು ಚೀಲದಾಗೇ ಇರಲಿ.

ಹುಡುಗಿ: ಬರ್ತೀನಿ. ಮುಕರ್ದಮನ ಮಾತು?

ಹಿರಿಯ: ದೀಪಾವಳಿ ಹೊತ್ತಿಗಿ ಅವ ಗ್ಯಾಂಗ್ ಕಟ್ಟಾಕ ತಾಂಡಾಕ್ಕ ಹೋಗ್ತಾನ. ಅವಾಗ ಅವನನ್ನೇ ಕೇಳು. ಅವನ ಪರವಾಗಿ ನಾ ಹೂಂ ಅನ್ನಂಗಿಲ್ಲ, ಬ್ಯಾಡ ಅಂತನೂ ಅನ್ನಂಗಿಲ್ಲ.